ಬ್ರೆಡ್ಡು ಕುಯ್ಯುವ ಚಾಕು ಮತ್ತು ಆನಿ ಓಂದ್ರಾ



ಮೂಕಿ ಯುಗದ ಕಲಾವಿದರ ಬಗ್ಗೆ ನಮ್ಮಲ್ಲೊಂದು ಸಿದ್ಧಕಥೆಯಿದೆ: ಮಾತು ಬಂತು, ಅವರು ಹೋದರು. ಈ ಕಥೆಗೆ ಸಾಕ್ಷಿಯಾಗಿ ಪದೇಪದೇ ಕರೆತರುವ ಹೆಸರುಗಳಲ್ಲಿ ಚೆಕ್ ನಟಿ ಆನಿ ಓಂದ್ರಾ ಅವರದೂ ಒಂದು. ಸಂಕಿರಣ ಶುರುವಾಗುವ ಮುನ್ನ ಈ ಸಾಕ್ಷಿಯನ್ನು ಒಂದಿಷ್ಟು ಪಾಟೀಸವಾಲಿಗೆ ಒಳಪಡಿಸೋಣ.

ಆಕೆ ಹುಟ್ಟಿದ್ದು 1902ರಲ್ಲಿ, ಆಗ ಆಸ್ಟ್ರಿಯಾ-ಹಂಗೆರಿಯೊಳಗಿದ್ದ, ಈಗ ಪೋಲೆಂಡಿಗೆ ಸೇರಿರುವ ಟಾರ್ನೂಫ್‌ನಲ್ಲಿ. ಬೆಳೆದದ್ದು ಪ್ರಾಗ್‌ನಲ್ಲಿ. ಹದಿಹರೆಯದಲ್ಲೇ ರಂಗಭೂಮಿ, ಆಮೇಲೆ ಕ್ಯಾಮೆರಾ. ನಟ-ನಿರ್ದೇಶಕ ಕಾರೆಲ್ ಲಾಮಾಚ್, ಛಾಯಾಗ್ರಾಹಕ ಒಟ್ಟೊ ಹೆಲ್ಲರ್, ಚಿತ್ರಕಥೆಗಾರ ವಾತ್ಸ್ಲಾವ್ ವಾಸರ್‌ಮನ್, ಜೊತೆಗೆ ಓಂದ್ರಾ. ಈ ಕೂಟಕ್ಕೆ ಚೆಕ್ ಚಿತ್ರರಂಗದಲ್ಲಿ 'ಗಟ್ಟಿ ನಾಲ್ವರು' ಎಂಬ ಹೆಸರೇ ಇದೆ. ಪುಟ್ಟ ದೇಶ, ಪುಟ್ಟ ಮಾರುಕಟ್ಟೆ. ಆದರೆ ಮೂಕಿ ಚಿತ್ರ ಗಡಿ ದಾಟಲು ನಡುನಡುವಿನ ಅಕ್ಷರಪಟ್ಟಿಗಳನ್ನು ಬದಲಿಸಿದರೆ ಸಾಕಿತ್ತು. ಓಂದ್ರಾ ಬರ್ಲಿನ್‌ವರೆಗೆ, ಅಲ್ಲಿಂದ ಲಂಡನ್‌ವರೆಗೆ ಹೋದದ್ದು ಹಾಗೆ.

1929ರಲ್ಲಿ ಹಿಚ್‌ಕಾಕ್ ಅವರ 'ಬ್ಲ್ಯಾಕ್‌ಮೇಲ್' ಮೂಕಿಯಾಗಿಯೇ ಆರಂಭವಾಯಿತು. ಚಿತ್ರೀಕರಣ ಸಾಗಿರುವಾಗಲೇ ಸ್ಟುಡಿಯೋಗೆ ಧ್ವನಿ ಯಂತ್ರ ಬಂತು. ಲಂಡನ್ನಿನ ಅಂಗಡಿಯವನ ಮಗಳು ಆಲಿಸ್‌ಳ ಪಾತ್ರ, ಓಂದ್ರಾ ಅವರ ಚೆಕ್ ಉಚ್ಚಾರಣೆ! ಮಾತನ್ನು ಆಮೇಲೆ ಕೂಡಿಸುವ ಅನುಕೂಲ ಇನ್ನೂ ಇರಲಿಲ್ಲ. ಹಾಗಾಗಿ ಜೋನ್ ಬ್ಯಾರಿ ಎಂಬ ಇಂಗ್ಲಿಷ್ ನಟಿ ಕ್ಯಾಮೆರಾ ಕಣ್ಣಿಗೆ ಬೀಳದಂತೆ ನಿಂತು ಮೈಕಿನಲ್ಲಿ ಮಾತಾಡಿದರು. ಓಂದ್ರಾ ಅದೇ ಕ್ಷಣಕ್ಕೆ ತುಟಿ ಅಲ್ಲಾಡಿಸಿದರು. ಬೊಂಬೆಯಾಟದ ಭಾಗವತರನ್ನು ಕಂಡವರಿಗೆ ಇದು ಅಷ್ಟೇನೂ ವಿಚಿತ್ರವೆನಿಸದು. ಆದರೆ ಇಲ್ಲಿ ಬೊಂಬೆಗೆ ಜೀವವಿತ್ತು, ತನ್ನದೇ ದನಿಯೂ ಇತ್ತು. ಆ ದನಿ ಹೇಗಿತ್ತೆಂಬುದಕ್ಕೆ ಧ್ವನಿಪರೀಕ್ಷೆಯ ತುಣುಕೊಂದು ಉಳಿದಿದೆ. ಹಿಚ್‌ಕಾಕ್ ಛೇಡಿಸುತ್ತಾರೆ, ಓಂದ್ರಾ ಕಕ್ಕಾಬಿಕ್ಕಿಯಾಗಿ ನಗುತ್ತಾರೆ. ನನಗಂತೂ ಆ ಚೇಷ್ಟೆ ಹಿಡಿಸುವುದಿಲ್ಲ.

ಈಗ ಆ ಚಿತ್ರದ ಚಾಕುವಿನ ದೃಶ್ಯಕ್ಕೆ ಬರುತ್ತೇನೆ. ತನ್ನ ಮೇಲೆರಗಿದ ಚಿತ್ರಕಾರನನ್ನು ಆಲಿಸ್ ಬ್ರೆಡ್ಡಿನ ಚಾಕುವಿನಿಂದ ಇರಿದು ಕೊಂದಿದ್ದಾಳೆ. ಮರುಬೆಳಗ್ಗೆ ತಿಂಡಿಯ ಹೊತ್ತು. ನೆರೆಯಾಕೆ ಕೊಲೆಯ ಸುದ್ದಿಯನ್ನು ವಟವಟ ಹರಟುತ್ತಿದ್ದಾಳೆ. ಹರಟೆಯೆಲ್ಲ ಕಲಸಿಹೋಗಿ 'ಚಾಕು' ಎಂಬ ಒಂದೇ ಪದ ಮತ್ತೆಮತ್ತೆ ಕಿವಿಗೆ ಬಡಿಯುತ್ತದೆ. ಬ್ರೆಡ್ಡು ಕುಯ್ಯೆಂದು ಅಪ್ಪ ಹೇಳುತ್ತಾನೆ. ಅವಳ ಕೈಯಿಂದ ಚಾಕು ಚಿಮ್ಮುತ್ತದೆ. ಧ್ವನಿಯ ಸೃಜನಶೀಲ ಬಳಕೆಗೆ ಎಲ್ಲ ಪಠ್ಯಗಳೂ ಕೊಡುವ ಉದಾಹರಣೆ ಇದು. ಆ ದೃಶ್ಯದಲ್ಲಿ ಓಂದ್ರಾ ಮಾಡುವ ಕೆಲಸವಾದರೂ ಏನು? ಕೇಳಿಸಿಕೊಳ್ಳುವುದು. ಆ ಪದ ನಮ್ಮನ್ನು ತಿವಿಯುವುದು ಅದು ಆ ಮುಖದ ಮೇಲೆ ಬಿದ್ದಾಗ. ಹತ್ತು ವರ್ಷಗಳ ಮೂಕಿ ಅಭಿನಯದ ಪಳಗುವಿಕೆ ಟಾಕಿಯ ಹೆಸರಾಂತ ದೃಶ್ಯವನ್ನು ಹೊತ್ತು ನಿಂತಿದೆ. ಜೋನ್ ಬ್ಯಾರಿ ಅವರ ಕಂಠಕ್ಕೆ ಅಲ್ಲಿ ಹೆಚ್ಚಿನ ಕೆಲಸವಿಲ್ಲ.

ಇನ್ನು 'ಹೋದರು' ಎಂಬ ಮಾತು. 1930ರಲ್ಲಿ ಬರ್ಲಿನ್‌ನಲ್ಲಿ ಓಂದ್ರಾ-ಲಾಮಾಚ್ ಚಿತ್ರಸಂಸ್ಥೆ ಹುಟ್ಟಿತು. ಒಂದೇ ಕಥೆಯನ್ನು ಬೇರೆಬೇರೆ ಭಾಷೆಗಳಲ್ಲಿ ಚಿತ್ರೀಕರಿಸುವ ಕಾಲವದು. ಆಸ್ಕರ್ ನೆಡ್ಬಾಲ್ ಅವರ ಗೀತನಾಟಕವನ್ನು ಆಧರಿಸಿದ 'ಪೋಲ್ಸ್ಕಾ ಕ್ರೆಫ್' 1934ರಲ್ಲಿ ಚೆಕ್ ಮತ್ತು ಜರ್ಮನ್ ಎರಡರಲ್ಲೂ ಬಂತು; ಎರಡರಲ್ಲೂ ನಾಯಕಿ ಓಂದ್ರಾ. ಪತಿ, ಬಾಕ್ಸಿಂಗ್ ಚಾಂಪಿಯನ್ ಮ್ಯಾಕ್ಸ್ ಶ್ಮೆಲಿಂಗ್ ಜೊತೆ 1935ರಲ್ಲಿ 'ನಾಕ್‌ಔಟ್' ಕೂಡ ಆಯಿತು. ಲಂಡನ್ನಿಗೆ ಬೇಡವಾದ ನಾಲಿಗೆ ಪ್ರಾಗ್‌ಗೂ ಬರ್ಲಿನ್‌ಗೂ ಬೇಕಿತ್ತು. ಮಾತಿನಿಂದ ಯಾರು ಉಳಿದರು, ಯಾರು ಅಳಿದರು ಎಂದು ಲೆಕ್ಕ ಹಾಕುವಾಗ ಯಾವ ಊರಿನ ಮಾತು, ಯಾರ ಕಿವಿಗೆ ಎಂದೂ ಪ್ರಬಂಧಕಾರರು ಕೇಳಬೇಕೆಂಬುದು ನನ್ನ ಆಶಯ.

'ಬ್ಲ್ಯಾಕ್‌ಮೇಲ್' ಮೂಕಿ ರೂಪದಲ್ಲೂ ತೆರೆಕಂಡಿತ್ತು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅದನ್ನು 2012ರಲ್ಲಿ ಪುನರುಜ್ಜೀವನಗೊಳಿಸಿದೆ. ಮೊದಲು ಅದನ್ನು ನೋಡಿ, ಆಮೇಲೆ ಟಾಕಿಯನ್ನು. ಚಾಕುವಿನ ದೃಶ್ಯ ಬಂದಾಗ ಮಾತ್ರ ದನಿ ಆರಿಸಿ ಇನ್ನೊಮ್ಮೆ ನೋಡಿ. ಚರ್ಚೆಯನ್ನು ಅಲ್ಲಿಂದ ಶುರು ಮಾಡೋಣ.