ಗೇಮ್ ನಿಂತುಹೋದರೆ ಫಾರ್ಮ್ಯಾಟ್ ಮಾಡಿಸಬೇಡಿ: ಸಿಮ್ಸ್ 4 ಮತ್ತು ನಮ್ಮ ಅಜ್ಜಿ ಮನೆ

ಇವತ್ತಿನ ಸಂಚಿಕೆ ಒಂದು ಗೇಮ್ ಬಗ್ಗೆ. ಗೇಮ್ ಆಡದೇ ಇರೋರೂ ಸ್ವಲ್ಪ ಕೇಳಿ, ಕೊನೆಯಲ್ಲಿ ನಿಮ್ಮ ಫೋನಿಗೂ ಉಪಯೋಗಕ್ಕೆ ಬರೋ ಮಾತಿದೆ.

ಹೋದ ವರ್ಷ ಒಂದು ಸಂಜೆ ನನ್ನ ತಂಗಿ ಫೋನ್ ಮಾಡಿದಳು. ಲ್ಯಾಪ್‌ಟಾಪ್ ರಿಪೇರಿ ಅಂಗಡಿಯಲ್ಲಿ ನಿಂತಿದ್ದಳು. "ಅಕ್ಕ, ಸಿಮ್ಸ್ ಲೋಡ್ ಆಗ್ತಾನೇ ಇಲ್ಲ. ಇಲ್ಲಿ ಫಾರ್ಮ್ಯಾಟ್ ಮಾಡಿದ್ರೆ ಸರಿ ಹೋಗುತ್ತೆ ಅಂತಿದ್ದಾರೆ. ಕೊಡ್ಲಾ?" ಅಂದಳು. ನನಗೆ ಆಗ ಆ ಗೇಮ್ ಬಗ್ಗೆ ಏನೂ ಗೊತ್ತಿರಲಿಲ್ಲ. ಆದರೂ ಬಾಯಿಗೆ ಬಂದದ್ದು ಒಂದೇ ಮಾತು: "ಬೇಡ ಕಣೇ, ವಾಪಸ್ ತಗೊಂಡ್ ಬಾ."

ಯಾಕೆ ಅಂದರೆ ಆ ಲ್ಯಾಪ್‌ಟಾಪ್ ಒಳಗೆ ನಮ್ಮ ಅಜ್ಜಿ ಮನೆ ಇತ್ತು. ತೀರ್ಥಹಳ್ಳಿ ಕಡೆಯ ಹಳೇ ತೊಟ್ಟಿ ಮನೆ. ಅಜ್ಜಿ ಹೋದಮೇಲೆ ಮಾರಿದರು, ಕೊಂಡವರು ಕೆಡವಿದರು. ತಂಗಿ ಅದನ್ನ ಸಿಮ್ಸ್ 4 ಒಳಗೆ ಕಂಬ ಕಂಬ ಲೆಕ್ಕ ಹಾಕಿ ಕಟ್ಟಿದ್ದಳು. ಹಿತ್ತಲಲ್ಲಿ ಗಿಡಗಳಿಗೆ ನೀರು ಹಾಕ್ತಾ ಓಡಾಡೋ ಒಬ್ಬ ಅಜ್ಜಿಯನ್ನೂ ಮಾಡಿದ್ದಳು. ಮೂರು ವರ್ಷದ ಕೆಲಸ.

ಗೊತ್ತಿಲ್ಲದವರಿಗೆ ಹೇಳ್ತೀನಿ. ಸಿಮ್ಸ್ ಅಂದರೆ ಬದುಕನ್ನೇ ಆಡೋ ಆಟ. ಜನರನ್ನ ಮಾಡ್ತೀವಿ, ಮನೆ ಕಟ್ಟಿಕೊಡ್ತೀವಿ, ಅವರು ಅಡುಗೆ ಮಾಡ್ತಾರೆ, ಜಗಳ ಆಡ್ತಾರೆ, ಮುದುಕರಾಗ್ತಾರೆ. ಮೊದಲ ಸಿಮ್ಸ್ ಬಂದದ್ದು 2000ದಲ್ಲಿ. ಮಾಡಿದವರು ವಿಲ್ ರೈಟ್. 1991ರಲ್ಲಿ ಅಮೆರಿಕದ ಓಕ್ಲೆಂಡ್ ಬೆಟ್ಟಗಳಿಗೆ ಬಿದ್ದ ಬೆಂಕಿಯಲ್ಲಿ ಅವರ ಮನೆ ಸುಟ್ಟುಹೋಯಿತು. ಮತ್ತೆ ಮನೆ ಕಟ್ಟಿಕೊಂಡು, ಒಂದೊಂದೇ ಸಾಮಾನು ಜೋಡಿಸಿಕೊಂಡ ಅನುಭವ ಈ ಆಟದ ಯೋಚನೆಗೆ ಒಂದು ಕಾರಣ. ಕಳೆದುಹೋದ ಮನೆಯನ್ನ ಜನ ಇದರೊಳಗೆ ಮತ್ತೆ ಕಟ್ತಾರೆ ಅಂದರೆ ಆಶ್ಚರ್ಯ ಏನಿಲ್ಲ. ಸಿಮ್ಸ್ 4 ಬಂದದ್ದು 2014ರಲ್ಲಿ. 2022ರ ಅಕ್ಟೋಬರ್‌ನಲ್ಲಿ ಅದರ ಮೂಲ ಆಟ ಉಚಿತವಾಯಿತು. ತಂಗಿ ಶುರು ಮಾಡಿದ್ದೂ ಆಗಲೇ.

ಸರಿ, ಈಗ ವಿಷಯಕ್ಕೆ ಬರೋಣ. ಗೇಮ್ ನಿಂತುಹೋಯ್ತು. ಹಸಿರು ಹರಳು ತಿರುಗ್ತಾನೇ ಇದೆ. ಏನು ಮಾಡಬೇಕು?

ಮೊದಲನೆಯದು: ಕಾಪಿ. ರಿಪೇರಿಗೆ ಕೈ ಹಾಕೋ ಮುಂಚೆ ಕಾಪಿ. ಡಾಕ್ಯುಮೆಂಟ್ಸ್ ಒಳಗೆ ಎಲೆಕ್ಟ್ರಾನಿಕ್ ಆರ್ಟ್ಸ್ ಅಂತ ಒಂದು ಫೋಲ್ಡರ್, ಅದರೊಳಗೆ ದಿ ಸಿಮ್ಸ್ 4 ಅಂತ ಇನ್ನೊಂದು. ಆಟದ ಪ್ರೋಗ್ರಾಂ ಬೇರೆ ಕಡೆ ಇರುತ್ತೆ. ನೀವು ಮಾಡಿದ್ದೆಲ್ಲ ಇರೋದು ಈ ಫೋಲ್ಡರಲ್ಲಿ. ಸೇವ್ಸ್ ಅನ್ನೋದರಲ್ಲಿ ನಿಮ್ಮ ಆಟ, ಟ್ರೇ ಅನ್ನೋದರಲ್ಲಿ ಲೈಬ್ರರಿಗೆ ಹಾಕಿಟ್ಟ ಮನೆಗಳು, ಕುಟುಂಬಗಳು. ಮಾಡ್ಸ್ ಅನ್ನೋದರಲ್ಲಿ ಹೊರಗಿಂದ ತಂದು ಹಾಕಿದ ಸಾಮಾನು. ಇಡೀ ಫೋಲ್ಡರನ್ನ ಪೆನ್‌ಡ್ರೈವ್‌ಗೋ ಬೇರೆ ಡ್ರೈವ್‌ಗೋ ಕಾಪಿ ಮಾಡಿ. ಅಂಗಡಿಯವರು ಅವತ್ತು ಫಾರ್ಮ್ಯಾಟ್ ಮಾಡಿದ್ದಿದ್ದರೆ ಅಳಿಸಿಹೋಗ್ತಿದ್ದದ್ದು ಇದೇ. ಆಟವನ್ನ ಮತ್ತೆ ಡೌನ್‌ಲೋಡ್ ಮಾಡಬಹುದು, ಅಜ್ಜಿ ಮನೆ ಯಾವ ಸರ್ವರಲ್ಲೂ ಇಲ್ಲ.

ಎರಡನೆಯದು: ನಿಜವಾಗಿ ನಿಂತಿದೆಯಾ, ಇಲ್ಲಾ ನಿಧಾನವಾ ಅಂತ ನೋಡಿ. ವಿಂಡೋಸ್ "ನಾಟ್ ರೆಸ್ಪಾಂಡಿಂಗ್" ಅಂತ ತೋರಿಸಿದ ಕೂಡಲೇ ಆಟ ಸತ್ತಿದೆ ಅಂತಲ್ಲ. ಟಾಸ್ಕ್ ಮ್ಯಾನೇಜರ್ ತೆಗೆದು ಡಿಸ್ಕ್, ಮೆಮೊರಿ ನೋಡಿ. ಡಿಸ್ಕ್ ಇನ್ನೂ ಓಡ್ತಾ ಇದ್ದರೆ ಅದು ಓದ್ತಾ ಇದೆ, ಸ್ವಲ್ಪ ಕಾಯಿರಿ. ಹಳೇ ಹಾರ್ಡ್ ಡಿಸ್ಕ್ ಇರೋ ಲ್ಯಾಪ್‌ಟಾಪಲ್ಲಿ ತುಂಬಾ ಪ್ಯಾಕ್, ತುಂಬಾ ಮಾಡ್ ಇದ್ದರೆ ಕಾಯೋದು ಅನಿವಾರ್ಯ. ಎಸ್‌ಎಸ್‌ಡಿಗೆ ಬದಲಾಯಿಸಿದರೆ ಈ ಲೋಡಿಂಗ್‌ನಲ್ಲೇ ದೊಡ್ಡ ವ್ಯತ್ಯಾಸ ಕಾಣುತ್ತೆ. ಸೇವ್ ಆಗ್ತಿರುವಾಗ ಮಾತ್ರ ದಯವಿಟ್ಟು ಪವರ್ ಬಟನ್ ಒತ್ತಬೇಡಿ. ನಮ್ಮ ತಂಗಿ ಒತ್ತಿದ್ದಳು. ಅದರ ಬೆಲೆ ಎಷ್ಟು ಅಂತ ಆಮೇಲೆ ಹೇಳ್ತೀನಿ.

ಮೂರನೆಯದು: ಕ್ಯಾಶ್. ನಾನು ಕಾಮರ್ಸ್ ಓದಿದವಳು, ಕ್ಯಾಶ್ ಅಂದರೆ ದುಡ್ಡು ಅಂತಲೇ ಇಷ್ಟು ದಿನ ಅಂದುಕೊಂಡಿದ್ದೆ. ಇದು ಬೇರೆ. ಪದೇ ಪದೇ ಬೇಕಾಗೋ ಮಾಹಿತಿಯನ್ನ ಆಟ ಪಕ್ಕಕ್ಕೆ ಎತ್ತಿಟ್ಟುಕೊಳ್ಳುತ್ತಲ್ಲ, ಅದು. ಹಳೇ ಮಾಹಿತಿ ಅಲ್ಲೇ ಉಳಿದರೆ ಗೊಂದಲ ಆಗುತ್ತೆ. ಅದೇ ಸಿಮ್ಸ್ 4 ಫೋಲ್ಡರಲ್ಲಿ ಲೋಕಲ್‌ಥಂಬ್‌ಕ್ಯಾಶ್ ಡಾಟ್ ಪ್ಯಾಕೇಜ್ ಅಂತ ಒಂದು ಫೈಲ್ ಇರುತ್ತೆ. ಆಟ ಮುಚ್ಚಿ, ಅದನ್ನ ಅಳಿಸಿ. ಭಯ ಬೇಡ, ಮುಂದಿನ ಸಲ ಆಟ ತೆಗೆದಾಗ ಹೊಸದಾಗಿ ಮಾಡಿಕೊಳ್ಳುತ್ತೆ. ಹೊಸ ಮಾಡ್ ಹಾಕಿದಾಗ, ತೆಗೆದಾಗ, ಆಟ ಅಪ್‌ಡೇಟ್ ಆದಾಗ ಇದೊಂದು ಅಭ್ಯಾಸ ಮಾಡಿಕೊಂಡರೆ ಒಳ್ಳೇದು.

ನಾಲ್ಕನೆಯದು: ತಪ್ಪು ಯಾವ ಕಡೆ ಇದೆ ಅಂತ ಪತ್ತೆ ಮಾಡಿ. ದಿ ಸಿಮ್ಸ್ 4 ಫೋಲ್ಡರಿಗೆ ಬೇರೆ ಹೆಸರು ಕೊಡಿ, ಸಿಮ್ಸ್ ಹಳೇದು ಅಂತ ಏನಾದ್ರೂ. ಈಗ ಆಟ ತೆಗೆಯಿರಿ. ಫೋಲ್ಡರ್ ಕಾಣಲಿಲ್ಲ ಅಂತ ಅದು ಹೊಚ್ಚ ಹೊಸದನ್ನ ಮಾಡಿಕೊಳ್ಳುತ್ತೆ. ಅದರಲ್ಲಿ ಹೊಸ ಆಟ ಶುರು ಮಾಡಿ ನೋಡಿ. ಸಲೀಸಾಗಿ ಓಡಿದರೆ, ಆಟವೂ ಸರಿ ಇದೆ, ಕಂಪ್ಯೂಟರೂ ಸರಿ ಇದೆ, ತಪ್ಪು ಇರೋದು ನಿಮ್ಮ ಹಳೇ ಫೋಲ್ಡರಲ್ಲಿ. ಹೊಸದರಲ್ಲೂ ನಿಂತರೆ ತಪ್ಪು ಇರೋದು ಆಟದ ಪ್ರೋಗ್ರಾಂನಲ್ಲಿ ಅಥವಾ ಕಂಪ್ಯೂಟರಲ್ಲಿ. ಈ ಒಂದು ಪರೀಕ್ಷೆಯಿಂದ ಅರ್ಧ ತಲೆನೋವು ಹೋಗುತ್ತೆ.

ಆಟದ ಕಡೆ ತಪ್ಪಿದ್ದರೆ ಇಎ ಆ್ಯಪ್‌ನಲ್ಲಿ ರಿಪೇರಿ ಅಂತ ಆಯ್ಕೆ ಇದೆ. ಸ್ಟೀಮ್‌ನಲ್ಲಿ ಆಡೋರಿಗೆ ಫೈಲ್‌ಗಳನ್ನ ವೆರಿಫೈ ಮಾಡೋ ಆಯ್ಕೆ ಇದೆ. ಹಾಳಾದ ಫೈಲ್ ಮಾತ್ರ ಮತ್ತೆ ಇಳಿಯುತ್ತೆ. ಗ್ರಾಫಿಕ್ಸ್ ಡ್ರೈವರ್ ಅಪ್‌ಡೇಟ್ ಮಾಡಿ. ಎರಡು ಗ್ರಾಫಿಕ್ಸ್ ಇರೋ ಲ್ಯಾಪ್‌ಟಾಪ್ ಆದರೆ, ಆಟ ಚಿಕ್ಕದರ ಮೇಲೆ ಓಡ್ತಾ ಇದೆಯಾ ಅಂತ ವಿಂಡೋಸ್ ಸೆಟ್ಟಿಂಗ್ಸಲ್ಲಿ ನೋಡಿ. ಲೋಡ್ ಆಗುತ್ತೆ ಆದರೆ ಸೇವ್ ಆಗಲ್ಲ ಅನ್ನೋರು ಇನ್ನೆರಡು ನೋಡಬೇಕು. ಒಂದು, ಡಾಕ್ಯುಮೆಂಟ್ಸ್ ಫೋಲ್ಡರ್ ಒನ್‌ಡ್ರೈವ್ ಒಳಗೆ ಸೇರಿಕೊಂಡಿದ್ದರೆ ಆಟ ಬರೆಯೋದೂ ಅದು ಸಿಂಕ್ ಮಾಡೋದೂ ಡಿಕ್ಕಿ ಹೊಡೆಯಬಹುದು. ಇನ್ನೊಂದು, ವಿಂಡೋಸ್ ಸೆಕ್ಯುರಿಟಿಯಲ್ಲಿ ಕಂಟ್ರೋಲ್ಡ್ ಫೋಲ್ಡರ್ ಆ್ಯಕ್ಸೆಸ್ ಆನ್ ಆಗಿದ್ದರೆ ಆಟಕ್ಕೆ ಅಲ್ಲಿ ಬರೆಯೋ ಅನುಮತಿ ಸಿಗದೇ ಇರಬಹುದು. ಅದಕ್ಕೆ ಅನುಮತಿ ಕೊಡಿ.

ನಮ್ಮ ಮನೆಯಲ್ಲಿ ಹೊಸ ಫೋಲ್ಡರಲ್ಲಿ ಆಟ ಓಡಿತು. ಅಂದರೆ ತಪ್ಪು ನಮ್ಮದೇ. ಸಾಮಾನ್ಯವಾಗಿ ಇಂಥ ಕಡೆ ಸಿಕ್ಕಿಬೀಳೋದು ಮಾಡ್. ಆಟ ಅಪ್‌ಡೇಟ್ ಆದಾಗ ಮಾಡ್‌ಗಳನ್ನ ಅದು ತಾನಾಗೇ ಆಫ್ ಮಾಡುತ್ತೆ. ಹಳೇ ಮಾಡ್ ಹೊಸ ಆಟಕ್ಕೆ ಹೊಂದದೇ ಇರಬಹುದು ಅನ್ನೋದೇ ಕಾರಣ. ತಂಗಿ ಏನು ಮಾಡಿದ್ದಳು? ಅಪ್‌ಡೇಟ್ ಆದ ತಕ್ಷಣ ಎಲ್ಲ ಮಾಡನ್ನೂ ಮತ್ತೆ ಆನ್ ಮಾಡಿದ್ದಳು. ಒಂದನ್ನೂ ಅಪ್‌ಡೇಟ್ ಮಾಡಿರಲಿಲ್ಲ. ಎಣಿಸಿದೆ, 240 ಫೈಲ್.

"ಒಂದೊಂದೇ ತೆಗೆದು ನೋಡೋಣ ಅಕ್ಕ" ಅಂದಳು. 240 ಸಲ ಆಟ ತೆಗೆದು ಮುಚ್ಚೋದಾ? ಇಲ್ಲಿ ನನ್ನ ಬಿ.ಕಾಂ. ಕೆಲಸಕ್ಕೆ ಬಂತು. ಟ್ರಯಲ್ ಬ್ಯಾಲೆನ್ಸ್ ಟ್ಯಾಲಿ ಆಗದಿದ್ದಾಗ ಮೊದಲ ಪುಟದಿಂದ ಎಂಟ್ರಿ ಎಂಟ್ರಿ ನೋಡ್ತಾ ಕೂತರೆ ಬೆಳಗಾಗುತ್ತೆ. ಲೆಕ್ಕವನ್ನ ಎರಡು ಭಾಗ ಮಾಡಿ, ವ್ಯತ್ಯಾಸ ಯಾವ ಭಾಗದಲ್ಲಿದೆ ಅಂತ ಹಿಡಿದು, ಅದನ್ನ ಮತ್ತೆ ಎರಡು ಮಾಡಬೇಕು. ಮಾಡ್‌ಗೂ ಅದೇ. ಅರ್ಧ ಫೈಲ್ ಡೆಸ್ಕ್‌ಟಾಪಿಗೆ ಎತ್ತಿಡಿ. ಆಟ ಓಡಿತಾ? ಹಾಗಾದರೆ ಕಳ್ಳ ಎತ್ತಿಟ್ಟ ಅರ್ಧದಲ್ಲಿದ್ದಾನೆ. ಓಡಲಿಲ್ವಾ? ಉಳಿದ ಅರ್ಧದಲ್ಲಿ. 240 ಇದ್ದದ್ದು 120, 60, 30, 15, 8, 4, 2, 1. ಎಂಟೇ ಸಲ. ಸಿಮ್ಸ್ ಆಡೋರು ಇದನ್ನ ಫಿಫ್ಟಿ ಫಿಫ್ಟಿ ವಿಧಾನ ಅಂತಾರೆ. ಸಿಕ್ಕಿದ ಮೇಲೂ ಪೂರ್ತಿ ಸಲ ಒಮ್ಮೆ ನೋಡಿ, ಕಳ್ಳರು ಇಬ್ಬರಿರಬಹುದು.

ಇಲ್ಲಿ ಎರಡು ಎಚ್ಚರಿಕೆ. ಈ ಪರೀಕ್ಷೆಗಳನ್ನ ಹೊಸ ಸೇವ್‌ನಲ್ಲಿ ಮಾಡಿ, ನಿಮ್ಮ ಪ್ರೀತಿಯ ಸೇವ್‌ನಲ್ಲಿ ಬೇಡ. ಮಾಡ್ ಇಲ್ಲದೆ ಹಳೇ ಸೇವ್ ತೆಗೆದು ಹಾಗೇ ಸೇವ್ ಕೊಟ್ಟರೆ, ಹೊರಗಿಂದ ತಂದ ಕಿಟಕಿ, ಸೀರೆ, ಪಾತ್ರೆ ಎಲ್ಲ ಮನೆಯಿಂದ ಮಾಯ ಆಗುತ್ತೆ. ಆಮೇಲೆ ಮಾಡ್ ವಾಪಸ್ ಹಾಕಿದರೂ ಅವು ತಮ್ಮ ಜಾಗಕ್ಕೆ ಬರಲ್ಲ. ಎರಡನೇದು, ಸ್ಕ್ರಿಪ್ಟ್ ಮಾಡ್ ಅಂತ ಇರುತ್ತಲ್ಲ, ಆಟದ ನಡವಳಿಕೆಯನ್ನೇ ಬದಲಾಯಿಸೋದು, ಮೊದಲು ಅವುಗಳ ಮೇಲೆ ಅನುಮಾನ ಪಡಿ. ಅಪ್‌ಡೇಟ್ ಬಂದಾಗ ಕೈಕೊಡೋದು ಹೆಚ್ಚಾಗಿ ಅವೇ. ಅವನ್ನ ಮಾಡ್ಸ್ ಫೋಲ್ಡರ್ ಒಳಗೆ ಒಂದೇ ಒಂದು ಫೋಲ್ಡರ್ ಆಳದಲ್ಲಿ ಮಾತ್ರ ಇಡಬೇಕು, ಅದಕ್ಕಿಂತ ಒಳಗೆ ಇಟ್ಟರೆ ಆಟ ಓದಲ್ಲ.

ಇನ್ನೂ ಒಂದು ಥರದ ನಿಲ್ಲೋದಿದೆ. ಗಡಿಯಾರ ಓಡ್ತಾ ಇರುತ್ತೆ, ಆದರೆ ಸಿಮ್‌ಗಳು ತಟ್ಟೆ ಹಿಡ್ಕೊಂಡು ಸುಮ್ಮನೆ ನಿಂತಿರ್ತಾರೆ. ಇದು ಗ್ರಾಫಿಕ್ಸ್ ತೊಂದರೆ ಅಲ್ಲ. ಪ್ರತಿಯೊಬ್ಬ ಸಿಮ್ ಮುಂದೇನು ಮಾಡಬೇಕು ಅಂತ ಆಟ ಲೆಕ್ಕ ಹಾಕಬೇಕಲ್ಲ, ಆ ಲೆಕ್ಕ ಹಿಂದೆ ಬಿದ್ದಿರುತ್ತೆ. ಊರಲ್ಲಿರೋ ಸಿಮ್‌ಗಳ ಗರಿಷ್ಠ ಸಂಖ್ಯೆಯನ್ನ ಆಟದ ಆಯ್ಕೆಗಳಲ್ಲಿ ಕಡಿಮೆ ಮಾಡಿ. ಮನೆ ತುಂಬಾ ಸಾಮಾನು ತುರುಕಿದ್ದರೆ ಸ್ವಲ್ಪ ಖಾಲಿ ಮಾಡಿ. ಒಂದೇ ಮನೆಯಲ್ಲಿ ಮಾತ್ರ ನಿಲ್ಲುತ್ತೆ, ಬೇರೆ ಮನೆಯಲ್ಲಿ ಸರಿ ಇದೆ ಅಂದರೆ ತಪ್ಪು ಆ ಮನೆಯದು. ಆಗ ಮನೆಯನ್ನೂ ಕುಟುಂಬವನ್ನೂ ಲೈಬ್ರರಿಗೆ ಹಾಕಿ ಹೊಸ ಸೇವ್‌ಗೆ ಸಾಗಿಸಬಹುದು. ಆದರೆ ಮನೆಯ ಹೊರಗಿನ ನೆಂಟರು, ಸ್ನೇಹಿತರ ಜೊತೆಗಿನ ಸಂಬಂಧ ಅಲ್ಲಿಗೆ ಬರಲ್ಲ. ಅದಕ್ಕೇ ಅದು ಕೊನೇ ದಾರಿ.

ನಮ್ಮ ಕಥೆಗೆ ವಾಪಸ್ ಬರ್ತೀನಿ. ಎಂಟನೇ ಸಲಕ್ಕೆ ಕಳ್ಳ ಸಿಕ್ಕಿದ, ಎರಡು ವರ್ಷ ಹಳೇ ಸ್ಕ್ರಿಪ್ಟ್ ಮಾಡ್. ತೆಗೆದೆವು. ಬೇರೆ ಸೇವ್‌ಗಳೆಲ್ಲ ತೆಗೆದವು. ಅಜ್ಜಿ ಮನೆ ಮಾತ್ರ ಆಗಲೂ ತೆಗೆಯಲಿಲ್ಲ. ತಂಗಿ ಮುಖ ನೋಡಕ್ಕೆ ಆಗಲಿಲ್ಲ. ಸೇವ್ ಆಗ್ತಿದ್ದಾಗ ಪವರ್ ಬಟನ್ ಒತ್ತಿದ್ದಳಲ್ಲ, ಬಹುಶಃ ಆ ಫೈಲೇ ಅರ್ಧಕ್ಕೆ ಬರೆದು ಹಾಳಾಗಿತ್ತು.

ಆಗ ಗೊತ್ತಾದ ವಿಷಯ ಇದು. ಪ್ರತಿ ಸಲ ಸೇವ್ ಮಾಡಿದಾಗಲೂ ಸಿಮ್ಸ್ 4 ಹಿಂದಿನದನ್ನ ಬಿಸಾಡಲ್ಲ. ಹಿಂದಿನ ಐದು ಪ್ರತಿಗಳನ್ನ ಅದೇ ಸೇವ್ಸ್ ಫೋಲ್ಡರಲ್ಲಿ ಇಟ್ಟುಕೊಂಡಿರುತ್ತೆ. ಹೆಸರಿನ ಕೊನೆಯಲ್ಲಿ ವರ್ 0, ವರ್ 1 ಅಂತ ವರ್ 4ರವರೆಗೆ ಇರುತ್ತೆ. ಫೈಲ್ ಹುಡುಕೋ ಕಷ್ಟ ಕೂಡ ಬೇಡ. ಆಟದ ಲೋಡ್ ಪರದೆಯಲ್ಲಿ ಸೇವ್ ಆರಿಸಿದರೆ ರಿಕವರ್ ಮಾಡೋ ಬಟನ್ ಇದೆ. ಒತ್ತಿದರೆ ಹಳೇ ಪ್ರತಿಗಳು ದಿನಾಂಕದ ಜೊತೆ ಕಾಣುತ್ತವೆ. ಹೊಸ ಪ್ರತಿ ತೆಗೆದೆವು, ಅದೂ ನಿಂತಿತು. ಎರಡನೇದು ತೆಗೆದೆವು. ಹರಳು ತಿರುಗಿತು, ತಿರುಗಿತು, ತೊಟ್ಟಿ ಕಾಣಿಸಿತು. ಅಜ್ಜಿ ಹಿತ್ತಲಲ್ಲಿದ್ದಳು.

ಪೂರ್ತಿ ಬರಲಿಲ್ಲ. ಕೊನೆಯ ಒಂದು ವಾರದಲ್ಲಿ ತಂಗಿ ಮುಂದಿನ ಜಗಲಿ ಕಟ್ಟಿದ್ದಳು, ಅದು ಹೋಗಿತ್ತು. ಪವರ್ ಬಟನ್‌ನ ಬೆಲೆ ಅದು. ಮತ್ತೆ ಕಟ್ಟೋಕೆ ಕೂತಾಗ ಜಗಲಿ ನೆಲದ ಬಣ್ಣ ಯಾವುದಿತ್ತು ಅಂತ ನಮ್ಮಿಬ್ಬರಿಗೂ ಜಗಳ. ನಾನು ಕೆಂಪು ಅಂದೆ, ಅವಳು ಕಪ್ಪು ಅಂದಳು. ಕೊನೆಗೆ ಅಮ್ಮನಿಗೆ ಫೋನ್ ಹಾಕಿದೆವು. "ಕೆಂಪು ನೆಲ, ಸುತ್ತ ಕಪ್ಪು ಪಟ್ಟಿ. ನಿಮ್ಮಿಬ್ರಿಗೂ ಅರ್ಧರ್ಧ ನೆನಪಿದೆ" ಅಂದರು ಅಮ್ಮ.

ಈಗ ಫೋನಲ್ಲಿ ಆಡೋರಿಗೆ ಹೇಳಿದ್ದ ಮಾತು. ಆಂಡ್ರಾಯ್ಡ್ ಸೆಟ್ಟಿಂಗ್ಸಲ್ಲಿ ಆ್ಯಪ್ ಒಳಗೆ ಹೋದರೆ ಎರಡು ಬಟನ್ ಅಕ್ಕಪಕ್ಕ ಇರುತ್ತವೆ. ಒಂದು ಕ್ಲಿಯರ್ ಕ್ಯಾಶ್, ಇನ್ನೊಂದು ಕ್ಲಿಯರ್ ಸ್ಟೋರೇಜ್ ಅಥವಾ ಕ್ಲಿಯರ್ ಡೇಟಾ. ಮೊದಲನೇದು ಒತ್ತಿದರೆ ತೊಂದರೆ ಇಲ್ಲ. ಎರಡನೇದು ಒತ್ತಿದರೆ ಫೋನಲ್ಲೇ ಇರೋ ನಿಮ್ಮ ಆಟ ಪೂರ್ತಿ ಹೋಗುತ್ತೆ. ಆಟ ನಿಮ್ಮ ಅಕೌಂಟ್‌ಗೆ, ಕ್ಲೌಡ್‌ಗೆ ಸೇರಿದೆಯಾ ಅಂತ ನೋಡದೆ ಅದನ್ನ ಮುಟ್ಟಬೇಡಿ. ಅನ್‌ಇನ್‌ಸ್ಟಾಲ್ ಮಾಡೋದಕ್ಕೂ ಇದೇ ಮಾತು. ಫೋನ್ ಜಾಗ ತುಂಬಿದ್ದರೆ ಮೊದಲು ಹಳೇ ವಿಡಿಯೋ ಅಳಿಸಿ ನೋಡಿ, ಎಷ್ಟೋ ಸಲ ಅಷ್ಟಕ್ಕೇ ಸರಿ ಹೋಗುತ್ತೆ.

ಒಟ್ಟಿನಲ್ಲಿ ಇಷ್ಟೇ: ಮೊದಲು ಕಾಪಿ, ಆಮೇಲೆ ಒಂದು ಸಲಕ್ಕೆ ಒಂದೇ ಬದಲಾವಣೆ, ಅಳಿಸೋ ಕೆಲಸ ಎಲ್ಲಕ್ಕಿಂತ ಕೊನೆಗೆ. ಯಾರಾದರೂ "ಬರೀ ಗೇಮ್ ತಾನೇ, ಫಾರ್ಮ್ಯಾಟ್ ಮಾಡ್ಸು" ಅಂದರೆ, ಅದರೊಳಗೆ ಏನಿದೆ ಅಂತ ಅವರಿಗೆ ಗೊತ್ತಿಲ್ಲ. ನಿಮಗೆ ಗೊತ್ತಿದೆ.

ಇವತ್ತು ರಾತ್ರಿ ಆಡೋಕೆ ಕೂರೋ ಮುಂಚೆ ಆ ಫೋಲ್ಡರ್ ಒಂದು ಸಲ ಕಾಪಿ ಮಾಡಿ.