ಕೊಂಡ ಪುಸ್ತಕ ಯಾರದು?

(ಸುವರ್ಣ ಮಹೋತ್ಸವದ ಹಳೆಯ ವಿದ್ಯಾರ್ಥಿಗಳ ಗೋಷ್ಠಿಯಲ್ಲಿ ಆಡಿದ ಮಾತುಗಳು)



ನಮ್ಮ ಕಾಲದಲ್ಲಿ ಪರೀಕ್ಷೆ ಮುಗಿದ ಮರುದಿನವೇ ಕೆಳಗಿನ ತರಗತಿಯವರು ಪುಸ್ತಕ ಕೇಳಿಕೊಂಡು ಮನೆಗೆ ಬರುತ್ತಿದ್ದರು. ನನ್ನ ಹತ್ತನೆಯ ತರಗತಿಯ ವಿಜ್ಞಾನ ಪುಸ್ತಕದ ಮೊದಲ ಪುಟದಲ್ಲಿ ನನಗಿಂತ ಹಿಂದಿನ ಮೂವರ ಹೆಸರುಗಳಿದ್ದವು. ಅಂಚಿನಲ್ಲಿ ಅವರು ಬರೆದಿಟ್ಟ ಉತ್ತರಗಳಿಂದಲೂ ನಾನು ಕಲಿತೆ. ಹಾಗೆ ಪುಸ್ತಕ ದಾಟಿಸಲು ಯಾರ ಅಪ್ಪಣೆಯೂ ಬೇಕಿರಲಿಲ್ಲ.

ಈ ಹಕ್ಕು ಫೋನು, ಕಂಪ್ಯೂಟರುಗಳ ಕಾಲದಲ್ಲೂ ಉಳಿಯಬೇಕೆಂದು ಹೋರಾಡುತ್ತಿರುವ ಲೇಖಕರೊಬ್ಬರಿದ್ದಾರೆ. ಹೆಸರು ಕೋರಿ ಡಾಕ್ಟರೊ. 1971ರಲ್ಲಿ ಕೆನಡಾದ ಟೊರಾಂಟೊದಲ್ಲಿ ಹುಟ್ಟಿದವರು. 2003ರಲ್ಲಿ ಮೊದಲ ಕಾದಂಬರಿ ಅಚ್ಚಾದಾಗಲೇ ಅದನ್ನು ಕ್ರಿಯೇಟಿವ್ ಕಾಮನ್ಸ್ ಪರವಾನಗಿಯಡಿ ಅಂತರಜಾಲದಲ್ಲಿ ಉಚಿತವಾಗಿ ಕೊಟ್ಟರು. ಹೆಸರು ಅಳಿಸದೆ, ಹೇಳಿದ ಷರತ್ತಿಗೆ ಒಳಪಟ್ಟು ಹಂಚಿಕೊಳ್ಳಿ ಎಂದು ಲೇಖಕರೇ ಮುಂಚಿತವಾಗಿ ಕೊಡುವ ಅನುಮತಿ ಅದು.

ಈ ಹೋರಾಟ ಏಕೆ ಬೇಕು? 2009ರಲ್ಲಿ ಅಮೆರಿಕದಲ್ಲಿ ನಡೆದದ್ದನ್ನು ಕೇಳಿ. ಜಾರ್ಜ್ ಆರ್ವೆಲ್‌ರ '1984' ಕಾದಂಬರಿಯ ಒಂದು ಆವೃತ್ತಿಯನ್ನು ಹಕ್ಕಿಲ್ಲದವರು ಮಾರಿದ್ದರೆಂದು, ಅಮೆಜಾನ್ ಕಂಪನಿ ಅದನ್ನು ಓದುಗರ ಕಿಂಡಲ್ ಯಂತ್ರಗಳಿಂದ ದೂರದಿಂದಲೇ ಅಳಿಸಿಹಾಕಿತು. ಹಣ ಹಿಂತಿರುಗಿಸಿತು, ಆಮೇಲೆ ಕ್ಷಮೆಯನ್ನೂ ಕೇಳಿತು. ಆದರೆ ಒಬ್ಬ ಹೈಸ್ಕೂಲು ಹುಡುಗ ಪಾಠಕ್ಕೆಂದು ಮಾಡಿಕೊಂಡಿದ್ದ ಟಿಪ್ಪಣಿಗಳು, ಮೂಲ ಪುಸ್ತಕವೇ ಇಲ್ಲದೆ ಕೆಲಸಕ್ಕೆ ಬಾರದಾದವು. ಅಂಗಡಿಯವನು ರಾತ್ರಿ ಮನೆಗೆ ನುಗ್ಗಿ, ಹಣ ಇಟ್ಟು ಪುಸ್ತಕ ಒಯ್ದಂತೆ!

ಇಂಥ ಪುಸ್ತಕಗಳಿಗೆ ಡಿಜಿಟಲ್ ಬೀಗ ಹಾಕುವುದುಂಟು. 1998ರ ಅಮೆರಿಕದ ಕಾಯ್ದೆಯಂತೆ ಆ ಬೀಗ ಮುರಿಯುವ ಸಾಧನ ಹಂಚುವುದೇ ತಪ್ಪು. ನನ್ನ ಓದುಗರಿಗೆ ಬೀಗ ತೆಗೆದುಕೊಡುತ್ತೇನೆ ಎಂದರೆ ಲೇಖಕರಿಗೂ ಸಾಧ್ಯವಿಲ್ಲ. ಆದ್ದರಿಂದ ಡಾಕ್ಟರೊ ತಮ್ಮ ಧ್ವನಿಪುಸ್ತಕಗಳನ್ನು ಬೀಗ ಕಡ್ಡಾಯ ಮಾಡುವ ಆಡಿಬಲ್‌ಗೆ ಕೊಡಲಿಲ್ಲ.

ಹಾಗಾದರೆ ಲೇಖಕ ಊಟ ಮಾಡುವುದು ಬೇಡವೇ ಎಂದು ಗುರುಗಳು ಕೇಳಬಹುದು. ಬೇಕು. 2020ರಲ್ಲಿ ಅವರು ಬೀಗವಿಲ್ಲದ ಧ್ವನಿಪುಸ್ತಕವನ್ನು ನೇರವಾಗಿ ಓದುಗರಿಗೆ ಮುಂಗಡ ಮಾರಿದಾಗ ಎರಡೂವರೆ ಲಕ್ಷ ಡಾಲರಿಗೂ ಹೆಚ್ಚು ಹಣ ಬಂತು. ಎಲ್ಲ ಲೇಖಕರಿಗೂ ಇದು ಸಾಧ್ಯವೆಂದು ನಾನು ಹೇಳುವುದಿಲ್ಲ. ಬೆಲೆ ಕೇಳುವ ಹಕ್ಕು ಲೇಖಕರದು. ಆದರೆ ಬೆಲೆ ಕೊಟ್ಟ ಮೇಲೆ ಪುಸ್ತಕ ಓದುಗರದು. ಅಷ್ಟೇ ವಾದ.

ಇದು ಪರದೇಶದ ಮಾತು ಮಾತ್ರವಲ್ಲ. ನಮ್ಮ ನಿರಂಜನರ ಕೃತಿಗಳೂ 2014ರಲ್ಲಿ ಕ್ರಿಯೇಟಿವ್ ಕಾಮನ್ಸ್ ಪರವಾನಗಿಯಡಿ ಎಲ್ಲರಿಗೂ ಮುಕ್ತವಾದವು.

ಕೊನೆಯದಾಗಿ ಸಮಿತಿಯವರಲ್ಲಿ ಒಂದು ವಿನಂತಿ. ಈ ಸಂಚಿಕೆಯಲ್ಲಿ ನಮ್ಮ ಶಾಲೆಯ 50 ವರ್ಷಗಳ ನೆನಪಿದೆ. ಪ್ರತಿಗಳು ಮುಗಿದರೆ, ಗೆದ್ದಲು ಹಿಡಿದರೆ ಆ ನೆನಪೂ ಹೋಗುತ್ತದೆ. ಬರೆದವರೆಲ್ಲರ ಒಪ್ಪಿಗೆ ಪಡೆದು ಇದನ್ನೂ ಮುಕ್ತ ಪರವಾನಗಿಯಲ್ಲಿ ಹೊರತನ್ನಿ. ನನ್ನ ಒಪ್ಪಿಗೆ ಇಲ್ಲೇ ಕೊಟ್ಟಿದ್ದೇನೆ. ಮುಂದಿನ ಮಕ್ಕಳು ಅಂಚಿನಲ್ಲಿ ತಮ್ಮ ಮಾತನ್ನೂ ಬರೆದುಕೊಳ್ಳಲಿ.