ಗಾಡಿಯೊಳಗಿನ ಅಡುಗೆಕಟ್ಟೆ

ಅಮೆರಿಕದಲ್ಲಿ ಕಾರಿನ ಹಿಂದೆ ಕಟ್ಟಿಕೊಂಡು ಹೋಗುವ ಪುಟ್ಟ ಕ್ಯಾಂಪರ್ ಗಾಡಿಗಳುಂಟು. ಒಳಗಿನ ಅಡುಗೆಕಟ್ಟೆ ಹಾಳಾದರೆ ಎಷ್ಟೋ ಜನ ತಾವೇ ಬದಲಾಯಿಸಿಕೊಳ್ಳುತ್ತಾರೆ. ನಮ್ಮ ಮನೆಗಳಂತೆ ಗ್ರಾನೈಟ್ ಹಾಕಿದರೆ ಕಷ್ಟ. 20 ಮಿಲಿಮೀಟರ್ ದಪ್ಪದ ಕಲ್ಲು ಚದರ ಮೀಟರಿಗೆ 50 ಕಿಲೋ ದಾಟುತ್ತದೆ. ಅಷ್ಟೇ ದಪ್ಪದ ಪ್ಲೈವುಡ್ಡಿನ ತೂಕ ಅದರ ಸುಮಾರು ಕಾಲುಭಾಗ.

ಗಾಡಿಯ ಗೋಡೆ ನೆಟ್ಟಗಿರುತ್ತದೆಂದು ನಂಬಬೇಡಿ. ಅಳತೆಪಟ್ಟಿಗಿಂತ ಹಳೆಯ ರಟ್ಟೇ ವಾಸಿ: ಮೂಲೆಗೆ ಒತ್ತಿ, ಕತ್ತರಿಸಿ, ಮತ್ತೆ ಒತ್ತಿ, ಆ ಆಕಾರವನ್ನೇ ಹಲಗೆಗೆ ಇಳಿಸುವುದು. (ಹಳೇ ಕಟ್ಟೆ ಇಡಿಯಾಗಿ ಕಿತ್ತುಬಂದರೆ ಅದೃಷ್ಟ, ಅದೇ ಅಚ್ಚು.) ಸಿಂಕಿಗೆ ಕೊರೆದ ತೂತಿನ ಅಂಚನ್ನು ಮಾತ್ರ ಬಹಳ ಜನ ಮರೆಯುತ್ತಾರೆ. ಅಲ್ಲಿ ಪ್ಲೈವುಡ್ಡಿನ ಪದರಗಳು ಬಾಯಿಬಿಟ್ಟುಕೊಂಡಿರುತ್ತವೆ. ನೀರು ಕುಡಿದು ಉಬ್ಬುತ್ತವೆ. ವಾರ್ನಿಷ್ ಹಚ್ಚಿ, ಒಣಗಿಸಿ, ಸಿಲಿಕೋನ್ ಎಳೆದ ಮೇಲೆಯೇ ಸಿಂಕ್ ಕೂರಿಸಬೇಕು. ಕಟ್ಟೆಯನ್ನು ಬಿಗಿಯುವ ಸ್ಕ್ರೂ ಕೆಳಗಿನಿಂದ ಬರಲಿ, ಮೇಲೆ ಮೊನೆ ಇಣುಕದಷ್ಟು ಗಿಡ್ಡದ್ದು.